ಗೋವೆಯ ಪಾದ್ರಿಗೊಂದು ಎಲೆ

ಈ ಸಲದ ಪಿತೃಪಕ್ಷಕ್ಕೆ ಗೌನಿಪಲ್ಲಿಗೆ ಬನ್ನು ಒಯ್ಯುವ ಕೆಲಸ ನನ್ನ ಪಾಲಿಗೆ ಬಂತು. ಶ್ರೀನಿವಾಸಪುರದಲ್ಲಿ ಬಸ್ಸು ಬದಲಾಯಿಸುವಾಗ ಪಕ್ಕದ ಬೇಕರಿಗೆ ಹೋಗಿ, "ಎರಡು ಬನ್ನು ಕೊಡಪ್ಪ, ಎಡೆಗೆ" ಅಂದೆ. ಹಿರಿಯರ ಎಡೆಗೆ ಬನ್ನು ಅಂದರೆ ಬೇರೆ ಊರಿನ ಬೇಕರಿಯವನು ನನ್ನ ತಲೆ ಸರಿ ಇದೆಯೋ ಇಲ್ಲವೋ ಎಂದು ನೋಡುತ್ತಿದ್ದ. ಇವನಿಗೆ ಹತ್ತು ವರ್ಷದ ಅಭ್ಯಾಸ. "ಪಾದ್ರಿ ಎಡೆಗಾ ಸಾರ್? ಇವತ್ತು ಬೆಳಿಗ್ಗೇದೇ ಕೊಡ್ತೀನಿ. ಹಳೇದು ಕೊಟ್ರೆ ಯಜಮಾನ್ರು ಬೈತಾರೆ" ಅಂದ. ಬೈಯುವವರು ಈಗಿಲ್ಲ ಎಂಬುದು ಇಬ್ಬರಿಗೂ ಒಟ್ಟಿಗೇ ನೆನಪಾಯಿತು. ಅವನು ಬೆಳಗಿನ ಬನ್ನನ್ನೇ ಪೇಪರಿನಲ್ಲಿ ಕಟ್ಟಿಕೊಟ್ಟ.

ಯಜಮಾನರು ಅಂದರೆ ಗೌನಿಪಲ್ಲಿಯ ಹತ್ತಿರ ಮಾವಿನ ನರ್ಸರಿ ಇಟ್ಟುಕೊಂಡು ಆ ಸೀಮೆಗೆಲ್ಲ ಕಸಿ ಗಿಡ ಕಟ್ಟಿಕೊಟ್ಟವರು. ಈ ವರ್ಷ ಮಾವಿನ ಕಾಲ ಮುಗಿದ ವಾರ ತೀರಿಕೊಂಡರು. ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಹೆಸರಿನ ವಿಷಯದಲ್ಲಿ ಅವರಿಗೆ ನನ್ನಿಂದ ಒಮ್ಮೆ ಆಗಬಾರದ್ದು ಆಗಿದೆ, ಮತ್ತೆ ಆ ತಂಟೆ ಬೇಡ.

ಅವರನ್ನು ನೋಡದವರಿಗೆ ಒಂದು ಗುರುತು ಹೇಳುತ್ತೇನೆ. ಅವರ ಬಲಗೈಯಲ್ಲಿ ಕರಡಿಯ ಹಾಗೆ ಕೂದಲು, ಎಡಗೈ ಪೂರ್ತಿ ಬೋಳು. ಕಸಿ ಕತ್ತಿ ಮಸೆದಾಗಲೆಲ್ಲ ಅದರ ಹರಿತವನ್ನು ಎಡಗೈಯ ಕೂದಲ ಮೇಲೆಯೇ ಪರೀಕ್ಷೆ ಮಾಡುತ್ತಿದ್ದರು. ಮಳೆಗಾಲದಲ್ಲಿ ದಿನಕ್ಕೆ ನಾಲ್ಕು ಸಲ ಮಸೆಯುವವರು; ಕೂದಲು ಬೆಳೆಯುವುದಾದರೂ ಯಾವಾಗ? ಕತ್ತಿಯನ್ನು ಹಳೆ ಬನಿಯನ್ ಚೂರಿನಲ್ಲಿ ಸುತ್ತಿ ಸೊಂಟದಲ್ಲಿ ಸಿಕ್ಕಿಸಿಕೊಂಡಿರುತ್ತಿದ್ದರು. ಅದನ್ನು ಯಾರಿಗೂ ಕೊಡುತ್ತಿರಲಿಲ್ಲ, ಹೆಂಡತಿ ಈರುಳ್ಳಿ ಹೆಚ್ಚಲು ಕೇಳಿದರೂ ಕೊಡುತ್ತಿರಲಿಲ್ಲ.

ಅವರ ಮಾತಿಗೆ ಒಗ್ಗಿಕೊಳ್ಳಲು ನನಗೆ ಒಂದು ವರ್ಷವೇ ಹಿಡಿಯಿತು. ಕತ್ತಿ ಗಿಡಕ್ಕೆ ತಾಗಿದ ಮೇಲೆ ಬಾಯಿ ತೆರೆಯಬಾರದು ಎಂಬುದು ಅವರ ನೇಮ. ಉಸಿರು ಬಡಿದರೆ ಗಾಯ ಒಣಗುತ್ತದಂತೆ. ಆದರೆ ಮಾತಿನ ಚಪಲವೂ ಬಿಡದು. ಹಾಗಾಗಿ "ನಿನ್ನೆ ನಮ್ ಬೀಗರ ಮನೇಲಿ" ಎಂದು ಶುರು ಮಾಡಿ, ಸಸಿಯ ತಲೆ ಕತ್ತರಿಸಿ, ಅದರ ನಡುವೆ ಸೀಳಿ, ಒಳ್ಳೆ ಜಾತಿಯ ಕುಡಿಯನ್ನು ಬೆಣೆಯಂತೆ ಕೆತ್ತಿ, ಸೀಳಿನೊಳಗೆ ಕೂರಿಸಿ, ಪ್ಲಾಸ್ಟಿಕ್ ಪಟ್ಟಿ ಸುತ್ತಿ, ಗಂಟು ಹಾಕಿ, ಗಿಡವನ್ನು ಪಕ್ಕಕ್ಕಿಟ್ಟು, "ಕೋಳಿ ಕುಯ್ದಿದ್ರು" ಎಂದು ಮುಗಿಸುತ್ತಿದ್ದರು. ಆ ಕೋಳಿ ಸಾರಾಗಿ ತಟ್ಟೆಗೆ ಬರುವ ಹೊತ್ತಿಗೆ ಇಪ್ಪತ್ತು ಗಿಡ ಮುಗಿದಿರುತ್ತಿತ್ತು. ಅವರ ಹೆಂಡತಿಗೆ ಅವಸರವಿದ್ದಾಗ ಮೊದಲು ಕೈಯಿಂದ ಕುಡಿ ಕಿತ್ತುಕೊಂಡು ಆಮೇಲೆ ವಿಷಯ ಕೇಳುತ್ತಿದ್ದರು.

ನರ್ಸರಿಯ ಬಾಗಿಲಲ್ಲಿ ಒಂದು ತಗಡಿನ ಬೋರ್ಡು ಇತ್ತು. ಮಾವಿನ ಕಸಿ ಕಂಡುಹಿಡಿದವರ ಮೊಮ್ಮಗನ ನರ್ಸರಿ ಎಂದು ಅದರಲ್ಲಿ ದಪ್ಪಕ್ಷರದಲ್ಲಿ ಬರೆಸಿದ್ದರು. ಅವರ ತಾತ ಒಂದು ದಿನ ಬದುವಿನ ಮೇಲೆ ಕೂತು ಬೀಡಿ ಸೇದುವಾಗ, ಎರಡು ಮಾವಿನ ಮರದ ಕೊಂಬೆಗಳು ಒಂದಕ್ಕೊಂದು ಉಜ್ಜಿ ಉಜ್ಜಿ ಕೂಡಿಕೊಂಡಿದ್ದನ್ನು ನೋಡಿದರಂತೆ. ಮರವೇ ಮಾಡುವುದನ್ನು ನಾನೇಕೆ ಮಾಡಬಾರದು ಎಂದು ಬಾಳೆನಾರಿನಲ್ಲಿ ಸಸಿಯನ್ನು ಕೊಂಬೆಗೆ ಕಟ್ಟಿದರಂತೆ. ಹಾಗೆ ಲೋಕಕ್ಕೆ ಕಸಿ ಬಂತಂತೆ. ಆ ಸೀಮೆಯಲ್ಲಿ ಇದನ್ನು ಯಾರೂ ಅನುಮಾನಿಸಿರಲಿಲ್ಲ. ಅನುಮಾನಿಸಲು ಕೋಲಾರದಿಂದ ಒಬ್ಬ ಇತಿಹಾಸದ ಮೇಷ್ಟ್ರು ಬಸ್ಸು ಹತ್ತಿ ಬರಬೇಕಾಯಿತು.

ಆ ಮಹಾನುಭಾವ ನಾನೇ. ಶ್ರೀನಿವಾಸಪುರದಲ್ಲಿ ಮಾವು ಬೆಳೆಗಾರರ ಒಂದು ಸಭೆ. ಭಾಷಣಕ್ಕೆ ಬರಬೇಕಾದವರು ಕೈಕೊಟ್ಟರು. ಅದನ್ನು ನಡೆಸುತ್ತಿದ್ದವನು ನನ್ನ ಹಳೆಯ ವಿದ್ಯಾರ್ಥಿ, "ಸಾರ್, ಮಾವಿನ ಬಗ್ಗೆ ಏನಾದ್ರೂ ಇತಿಹಾಸ ಹೇಳ್ಬಿಡಿ, ಕಾಲು ಗಂಟೆ ಸಾಕು" ಎಂದು ಎಳೆದುಕೊಂಡು ಹೋದ. ನನಗೆ ಮೈಕು ಕಂಡರೆ ಹಿಂದೆ ಮುಂದೆ ಕಾಣುವುದಿಲ್ಲ. ಆ ದಿನ ಒಬ್ಬ ಹಿರಿಯ ಕಸಿಗಾರರಿಗೆ ಶಾಲು ಹೊದಿಸಿದರು, ಹಣ್ಣಿನ ಬುಟ್ಟಿ ಕೊಟ್ಟರು, ಕಸಿ ಕಂಡುಹಿಡಿದ ವಂಶ ಎಂದು ಹೊಗಳಿದರು. ಚಪ್ಪಾಳೆ ನಿಂತ ಮೇಲೆ ನಾನು ಎದ್ದು, ಮಾವಿಗೆ ಕಸಿ ಕಟ್ಟುವುದನ್ನು ನಮ್ಮ ದೇಶದಲ್ಲಿ ಬೆಳೆಸಿದವರು ಗೋವೆಯ ಪೋರ್ಚುಗೀಸ್ ಪಾದ್ರಿಗಳು ಎಂದು ಪುಸ್ತಕಗಳು ಹೇಳುತ್ತವೆ, ನಾವು ಬಾದಾಮಿ ಎಂದು ತಿನ್ನುವ ಆಲ್ಫಾನ್ಸೋ ಹಣ್ಣಿಗೆ ಇರುವುದೂ ಅವರ ಸರದಾರನ ಹೆಸರೇ ಎಂದು ಹೇಳಿಬಿಟ್ಟೆ. ಶಾಲು ಹೊದ್ದವರು ಪಕ್ಕದ ಕುರ್ಚಿಯಿಂದಲೇ ಕೇಳಿದರು, "ಯಾರ್ರೀ ಅವರು ಪೋರ್ಚುಗೀಸ್ರು? ನಮ್ ತಾಲೂಕಲ್ಲಿ ಯಾವೂರೋರು?" ಸಭೆಯೆಲ್ಲ ಗೊಳ್ಳೆಂದಿತು. ನಾನೂ ನಕ್ಕೆ. ಅದನ್ನು ನೆನೆದರೆ ಈಗಲೂ ನಾಚಿಕೆಯಾಗುತ್ತದೆ.

ಮರುದಿನದಿಂದ ಸಂತೆಯಲ್ಲಿ ಅವರಿಗೆ "ಪೋರ್ಚುಗೀಸಣ್ಣ" ಎಂಬ ಹೆಸರು ಬಿತ್ತು. ಚಹಾದ ಅಂಗಡಿಯಲ್ಲಿ, "ನಿಮ್ ತಾತ ಗೋವಾಗೆ ಹೋಗಿದ್ರಾ, ಇಲ್ಲ ಅವರೇ ಗೌನಿಪಲ್ಲಿಗೆ ಬಂದಿದ್ರಾ" ಎಂದು ಕೇಳುವವರಾದರು. ಯಾರೋ ಕಿಡಿಗೇಡಿಗಳು ಬೋರ್ಡಿನ ಮೇಲೆ ಸೀಮೆಸುಣ್ಣದಲ್ಲಿ ಹಡಗು ಬರೆದರಂತೆ.

ಹದಿನೈದು ದಿನ ಬಿಟ್ಟು ಅವರು ಕೋಲಾರಕ್ಕೆ ಬಂದು ನಮ್ಮ ಸ್ಟಾಫ್ ರೂಮಿನ ಬಾಗಿಲಲ್ಲಿ ನಿಂತರು. ಕಂಕುಳಲ್ಲಿ ಕೊಡೆ, ಕೈಯಲ್ಲಿ ಪ್ಲಾಸ್ಟಿಕ್ ಚೀಲ. ಚೀಲದಿಂದ ಆ ಶಾಲನ್ನು ತೆಗೆದು ನನ್ನ ಮೇಜಿನ ಮೇಲೆ, ಉತ್ತರ ಪತ್ರಿಕೆಗಳ ಮೇಲೆಯೇ ಇಟ್ಟರು.

"ಇದು ಅವರಿಗೆ ಸೇರ್ಬೇಕು ಅಂದ್ರಲ್ಲ ಮೇಷ್ಟ್ರೇ. ತಗೊಳ್ಳಿ, ಕೊಟ್ಬಿಡಿ."

ನಾನು ಎದ್ದು ಕುರ್ಚಿ ಕೊಟ್ಟೆ. ಕೂರಲಿಲ್ಲ. ಚಹಾ ತರಿಸಿದೆ. ಮುಟ್ಟಲಿಲ್ಲ. ಏನು ಹೇಳಿದರೆ ಸಮಾಧಾನವಾದೀತೋ ತಿಳಿಯದೆ, ಪಾಠ ಹೇಳುವ ಚಾಳಿಯವನಾದ್ದರಿಂದ, ಪೋರ್ಚುಗೀಸರ ಕಥೆಯನ್ನೇ ಮೊದಲಿನಿಂದ ಹೇಳಿದೆ. ಯುರೋಪಿನ ತುದಿಯಲ್ಲಿ ಸಮುದ್ರಕ್ಕೆ ಮುಖ ಮಾಡಿದ ಸಣ್ಣ ದೇಶ. ಅಲ್ಲಿಂದ ನಮ್ಮ ಮೆಣಸು ಹುಡುಕಿಕೊಂಡು ಹಡಗಿನಲ್ಲಿ ಬಂದರು. ಬಂದವರಲ್ಲಿ ಎಷ್ಟೋ ಜನ ವಾಪಸು ಹೋಗಲಿಲ್ಲ. ಇಲ್ಲಿಯ ಹೆಣ್ಣುಗಳನ್ನು ಮದುವೆಯಾಗಿ, ಮನೆ ಕಟ್ಟಿ, ರೊಟ್ಟಿ ಸುಟ್ಟುಕೊಂಡು, ಗಿಡ ನೆಟ್ಟುಕೊಂಡು ಗೋವೆಯವರೇ ಆಗಿಹೋದರು. ಅಮೆರಿಕದ ಕಡೆಯಿಂದ ಮೆಣಸಿನಕಾಯಿ, ಟೊಮೇಟೊ, ಆಲೂಗೆಡ್ಡೆ, ಗೋಡಂಬಿ, ಪಪ್ಪಾಯಿ, ಅನಾನಸು ಎಲ್ಲ ಅವರ ಹಡಗಿನ ದಾರಿಯಲ್ಲೇ ಬಂದದ್ದು.

ಅವರು ನಡುವೆ ತಡೆದರು. "ಮೆಣಸು ತಗೊಂಡ್ ಹೋಗಕ್ಕೆ ಬಂದೋರು ಮೆಣಸಿನಕಾಯಿ ಕೊಟ್ಬಿಟ್ ಹೋದ್ರಾ?"

"ಹಾಗೇ ಅನ್ನಿ."

"ವ್ಯಾಪಾರ ಗೊತ್ತಿಲ್ಲದ ಜನ" ಅಂದು ಕುರ್ಚಿಯ ತುದಿಯಲ್ಲಿ ಕೂತರು. ಆಮೇಲೆ ಕೇಳಿದರು, "ಆ ಕಸಿ ಕಟ್ಟಿದ ಪಾದ್ರಿ ಹೆಸರೇನು?"

"ಗೊತ್ತಿಲ್ಲ ಯಜಮಾನ್ರೇ. ಪಾದ್ರಿಗಳು ಅಂತ ಮಾತ್ರ ಇದೆ."

"ಹಣ್ಣಿಗೆ ಹೆಸರಿದೆ ಅಂದ್ರಿ?"

"ಅದು ಸರದಾರಂದು."

"ಸರದಾರ ಒಂದ್ ಗಿಡಾನಾದ್ರೂ ಕಟ್ಟಿದ್ನಾ?"

"ಇಲ್ಲ."

"ಪಾದ್ರಿ ಹೆಂಡ್ತಿ ಮಕ್ಕಳು?"

"ಅವರಿಗೆ ಮದುವೆ ಇಲ್ಲ."

"ಊರಿಗೆ ವಾಪಸ್ ಹೋದ್ನಾ?"

"ಬಹಳ ಜನ ಹೋಗ್ಲಿಲ್ಲ. ಗೋವಾದಲ್ಲೇ ಮಣ್ಣಾದರು."

ತಣ್ಣಗಾದ ಚಹಾವನ್ನು ಅವರು ಒಂದೇ ಗುಟುಕಿಗೆ ಕುಡಿದರು. ಮೇಜಿನ ಮೇಲಿದ್ದ ಶಾಲನ್ನು ಮಡಿಸಿ ಮತ್ತೆ ಚೀಲಕ್ಕೆ ಹಾಕಿಕೊಂಡರು. "ಹೆಸರಿಲ್ಲ, ಮಕ್ಕಳಿಲ್ಲ, ಊರಿಲ್ಲ. ಹಂಗಾದ್ರೆ ಆ ಪುಣ್ಯಾತ್ಮಂಗೆ ಎಡೆ ಇಡೋರೇ ಇಲ್ಲ" ಅಂದರು. ಬಾಗಿಲವರೆಗೆ ಹೋದವರು ತಿರುಗಿ ನಿಂತರು. "ನಮ್ ತಾತಂದೂ ಹಿಂಗೇ ಆಗೋಗುತ್ತಲ್ಲ ಮೇಷ್ಟ್ರೇ. ಗಿಡದಲ್ಲಿ ಹಣ್ಣು ಬಿಟ್ಟಾಗ ಕುಡಿ ಯಾವ್ದು ಅಂತ ಕೇಳ್ತಾರೆ. ಬೇರು ಯಾವ್ದು ಅಂತ ಯಾರ್ ಕೇಳ್ತಾರೆ?" ಆ ಮನುಷ್ಯನಿಗೆ ಇದ್ದ ಒಂದೇ ಆಸ್ತಿಯನ್ನು ಕಾಲು ಗಂಟೆಯ ಭಾಷಣದಲ್ಲಿ ನಾನು ಕಿತ್ತುಕೊಂಡಿದ್ದೆ ಎಂದು ಅವತ್ತು ಅರ್ಥವಾಯಿತು.

ಅದಾದ ಮೇಲೆ ಫೋನುಗಳು ಶುರುವಾದವು. ಪಿತೃಪಕ್ಷದಲ್ಲಿ ಅವರ ಮನೆಯಲ್ಲಿ ಹಿರಿಯರಿಗೆ ಎಡೆ ಇಡುವ ಪದ್ಧತಿ. ಒಬ್ಬೊಬ್ಬರಿಗೂ ಒಂದು ಬಾಳೆಲೆ, ಬದುಕಿದ್ದಾಗ ಅವರಿಗೆ ಯಾವುದು ಇಷ್ಟವೋ ಅದನ್ನೆಲ್ಲ ಬಡಿಸಿ, ಪಕ್ಕದಲ್ಲಿ ಹೊಸ ಬಟ್ಟೆ ಇಟ್ಟು, ಸಾಂಬ್ರಾಣಿ ಹಾಕಿ, ಅವರು ಬಂದು ಉಣ್ಣಲಿ ಎಂದು ಸ್ವಲ್ಪ ಹೊತ್ತು ಬಾಗಿಲು ಮುಚ್ಚುತ್ತಾರೆ. ಮನೆಯವರೆಲ್ಲ ಹೊರಗೆ ಕಾಯಬೇಕು. ತಾತನ ಎಲೆಗೆ ಮುದ್ದೆ, ಮಟನ್ ಸಾರು, ಒಂದು ಕಟ್ಟು ಬೀಡಿ, ಒಂದು ಲೋಟ ಬ್ರಾಂದಿ ಖಾಯಂ. ಈಗ ಅದರ ಪಕ್ಕದಲ್ಲಿ ಇನ್ನೊಂದು ಎಲೆ ಹಾಕುವುದೆಂದು ಯಜಮಾನರು ನಿಶ್ಚಯಿಸಿದ್ದರು. ನಾನು ತರಗತಿಯಲ್ಲಿ ಪಾಠ ಮಾಡುವಾಗಲೇ ಫೋನು ಬರುತ್ತಿತ್ತು. "ಮೇಷ್ಟ್ರೇ, ಪಾದ್ರಿಗಳು ಮುದ್ದೆ ಉಣ್ತಾರಾ?" "ಮಟನ್ ಆಗುತ್ತಾ, ಇಲ್ಲ ಶ್ರಾವಣ ಗಿವಣ ಅಂತಾರಾ?"

ಅವರಿಗೆ ರೊಟ್ಟಿ ಇಷ್ಟ, ಅದು ನಮ್ಮ ಬನ್ನಿನ ಹಾಗೆ ಉಬ್ಬಿರುತ್ತದೆ, ಗೋವೆಯಲ್ಲಿ ಹಿಟ್ಟು ಹುಳಿ ಬರಲು ಹೆಂಡ ಹಾಕುತ್ತಿದ್ದರು ಎಂದೆ. ಹೆಂಡ ಎಂದಿದ್ದೇ ತಪ್ಪಾಯಿತು. ಯಜಮಾನರು ನೇರ ಶ್ರೀನಿವಾಸಪುರದ ಬೇಕರಿಗೆ ಹೋಗಿ, ತುಂಬಿದ ಗಿರಾಕಿಗಳ ಮುಂದೆ, "ಹೆಂಡ ಹಾಕಿದ ಬನ್ನು ಇದೆಯೇನಪ್ಪ" ಎಂದು ಕೇಳಿದರು. ಬೇಕರಿಯವನು ಬಹಳ ನೊಂದುಕೊಂಡನಂತೆ. ಕೊನೆಗೆ ಸಾದಾ ಬನ್ನಿಗೇ ರಾಜಿಯಾದರು.

ಮನೆಯಲ್ಲಿ ರಾಜಿ ಅಷ್ಟು ಸುಲಭವಿರಲಿಲ್ಲ. ಅವರ ಹೆಂಡತಿ, ನಾವೆಲ್ಲ ಅಮ್ಮನವರು ಎನ್ನುವವರು, ಆಂಧ್ರದ ಗಡಿಯಾಚೆಯ ಊರಿನವರು. ಸಿಟ್ಟು ಬಂದರೆ ತೆಲುಗಿಗೆ ಹೋಗುವವರು. "ಏಮಯ್ಯಾ, ಯಾರ್ ಮನೆ ಪೆದ್ದಲಯ್ಯಾ ಇವರು?" ಎಂದು ಜಗಳಕ್ಕೆ ನಿಂತರು. ತೆಲುಗಿನಲ್ಲಿ ಪೆದ್ದಲು ಅಂದರೆ ಹಿರಿಯರು. ನಮ್ಮ ಹಿರಿಯರು ಕೂತ ಪಂಕ್ತಿಗೆ ಪರದೇಶದವನನ್ನು ಕರೆಯುವುದು ಸರಿಯಲ್ಲ, ಒಂದು ಸಲ ಉಂಡವರು ವರ್ಷಾ ವರ್ಷಾ ಬರುತ್ತಾರೆ, ಆಮೇಲೆ ಬಿಡಿಸಿಕೊಳ್ಳಲಾಗದು ಎಂಬುದು ಅವರ ವಾದ. ಅಷ್ಟು ಸಾಲದೆಂದು, ಗೋವೆಯಲ್ಲಿ ಆ ಜನ ಗುಡಿ ಒಡೆದದ್ದೂ ಉಂಟು ಎಂದು ನಾನು ಬಾಯಿ ತಪ್ಪಿ ಹೇಳಿದ್ದು ಅವರ ಕಿವಿಗೆ ಬಿದ್ದಿತ್ತು.

"ಗುಡಿ ಒಡೆದೋರಿಗೆ ನಮ್ ಮನೇಲಿ ಎಲೇನಾ?"

ಯಜಮಾನರ ಕೈಯಲ್ಲಿ ಗಿಡವಿತ್ತು. ಸೀಳಿ, ಕೂರಿಸಿ, ಸುತ್ತಿ, ಗಂಟು ಹಾಕಿ ಆದ ಮೇಲೆ ಉತ್ತರ ಬಂತು. "ನಮ್ ತಾತ ದಾಯಾದಿ ಬಣವೆಗೆ ಬೆಂಕಿ ಇಟ್ಟಿದ್ದೋನು. ಅವನಿಗೆ ಮಟನ್ ಬಡಿಸ್ತಿಲ್ವಾ ನೀನು? ಒಡೆದೋರು ಯಾರೋ, ಇವನು ಗಿಡ ಕಟ್ಟಿದೋನು. ಇವನಿಗೆ ಒಂದ್ ಬನ್ನು."

ಆ ಮೊದಲ ವರ್ಷ ನನಗೂ ಕರೆ ಬಂತು, ತಪ್ಪೆಲ್ಲ ನನ್ನದೇ ಆದ್ದರಿಂದ ಹೋಗದೆ ವಿಧಿಯಿರಲಿಲ್ಲ. ಪಾದ್ರಿಯ ಎಲೆಗೆ ಅಮ್ಮನವರು ಕೈ ಹಚ್ಚಲಿಲ್ಲ. ಯಜಮಾನರೇ ಬಡಿಸಿದರು: ಬನ್ನು, ಟೊಮೇಟೊ ಗೊಜ್ಜು, ಮೆಣಸಿನಕಾಯಿ ಬಜ್ಜಿ, ಹುರಿದ ಗೋಡಂಬಿ, ಪಪ್ಪಾಯಿ ಹೋಳು. "ಎಲ್ಲ ಅವರ ಕಡೇದೇ. ನಮ್ ಊಟ ಸೇರುತ್ತೋ ಇಲ್ವೋ" ಅಂದರು. ಎಲೆಯ ಪಕ್ಕದಲ್ಲಿ ಹೊಸ ಬಟ್ಟೆಯ ಜಾಗದಲ್ಲಿ ಆ ಸನ್ಮಾನದ ಶಾಲು ಇಟ್ಟರು. ಸಾಂಬ್ರಾಣಿ ಹಾಕಿ ಬಾಗಿಲು ಮುಚ್ಚಿದರು. ನಾವೆಲ್ಲ ಜಗಲಿಯ ಮೇಲೆ ಕೂತೆವು.

ಸ್ವಲ್ಪ ಹೊತ್ತಿಗೆ ಯಜಮಾನರ ಮುಖ ಸಣ್ಣಗಾಯಿತು.

"ಮೇಷ್ಟ್ರೇ, ಒಂದ್ ತಪ್ಪಾಯ್ತು. ನಮ್ ತಾತಂಗೆ ತೆಲುಗು ಬಿಟ್ರೆ ಬೇರೆ ಬರಲ್ಲ. ಕನ್ನಡಾನೂ ಅಷ್ಟಕ್ಕಷ್ಟೆ. ಒಳಗೆ ಅವರಿಬ್ರೂ ಏನಂತ ಮಾತಾಡ್ತಾರೆ?"

"ಕರೆದೋರು ನೀವು" ಅಂದರು ಅಮ್ಮನವರು. "ನೀವೇ ಒಳಗ್ ಹೋಗಿ ಇವರದ್ದು ಅವರಿಗೆ, ಅವರದ್ದು ಇವರಿಗೆ ಹೇಳಿ."

ಎಲ್ಲರೂ ನಕ್ಕೆವು. ಯಜಮಾನರು ನಗಲಿಲ್ಲ. ಅದು ನಿಜವಾಗಿಯೂ ಯೋಚಿಸಬೇಕಾದ ವಿಷಯವೆಂಬಂತೆ ಬಾಗಿಲನ್ನೇ ನೋಡುತ್ತಿದ್ದರು.

ಬಾಗಿಲು ತೆಗೆದು, ಎಲ್ಲ ಎಲೆಗಳಿಂದ ಒಂದೊಂದು ತುತ್ತು ತೆಗೆದು ಕಾಗೆಗೆಂದು ಮಾಳಿಗೆಯ ಮೇಲಿಟ್ಟರು. ಕಾಗೆ ಬಂತು. ಮುದ್ದೆಯನ್ನು ನೋಡಿತು, ಮಟನ್ ನೋಡಿತು, ಬನ್ನು ಕಚ್ಚಿಕೊಂಡು ಹಾರಿಹೋಯಿತು.

"ನೋಡಿದ್ರಾ, ತಾತ ಮುನಿಸ್ಕೊಂಡ್ರು. ಮುಟ್ಲೂ ಇಲ್ಲ" ಅಂದರು ಅಮ್ಮನವರು.

ಯಜಮಾನರು ಸ್ವಲ್ಪವೂ ಅಲುಗಲಿಲ್ಲ. "ನೆಂಟರಿಗೆ ಮೊದಲು ಬಡಿಸೋದು ನಮ್ ಮನೆ ಪದ್ಧತಿ ಕಣೇ. ತಾತಾನೇ ನೀವು ಮೊದಲು ತಗೊಳ್ಳಿ ಅಂದಿರ್ತಾರೆ."

ಆಮೇಲೆ ಮುದ್ದೆಗೂ ಕಾಗೆ ಬಂತು. ಎಲ್ಲರಿಗಿಂತ ಹೆಚ್ಚು ನೆಮ್ಮದಿಯಾದದ್ದು ನನಗೆ.

ಅವರ ಈ ಹೊಸ ನೆಂಟಸ್ತಿಕೆಯಿಂದ ಊರಿನವರಿಗೆ ಕಾಟ ಶುರುವಾಯಿತು. ಪೋರ್ಚುಗೀಸಣ್ಣ ಎಂದು ಕರೆದರೆ ಈಗ "ಏನಪ್ಪ" ಎಂದು ಓಗೊಡುತ್ತಿದ್ದರು. ಕರೆದವನನ್ನು ಕೂರಿಸಿಕೊಂಡು ಅರ್ಧ ಗಂಟೆ ಗೋವೆಯ ಕಥೆ ಹೇಳುತ್ತಿದ್ದರು. ಒಂದು ತಿಂಗಳಲ್ಲಿ ಹಾಗೆ ಕರೆಯುವವರೇ ಇಲ್ಲವಾದರು. ಕೋಲಾರದ ಟೊಮೇಟೊ ಮಾರುಕಟ್ಟೆಯಲ್ಲಿ ಹರಾಜು ನಡೆಯುವಾಗ ಒಬ್ಬ ದಲ್ಲಾಳಿಯನ್ನು ಹಿಡಿದು, ಇಷ್ಟೊಂದು ಕ್ರೇಟು ಮಾರುತ್ತೀಯಲ್ಲ, ತಂದವರಿಗೆ ಒಂದು ದಿನವಾದರೂ ಕೈಮುಗಿದಿದ್ದೀಯಾ ಎಂದು ಕೇಳಿದ್ದನ್ನು ನಾನೇ ಕಣ್ಣಾರೆ ಕಂಡೆ. ಅವನು "ತಂದದ್ದು ಸುಗಟೂರಿನವರು, ಲೋಡಿನ ಚೀಟಿ ಇದೆ" ಎಂದು ತೋರಿಸಲು ಹೋದ.

ಒಮ್ಮೆ ನಮ್ಮ ಮನೆಗೆ ಊಟಕ್ಕೆ ಬಂದಾಗ, ಪೋರ್ಚುಗೀಸರು ಬರುವ ಮುಂಚಿನ ಸಾರು ಮಾಡಿ ಎಂದು ನನ್ನ ಹೆಂಡತಿಯನ್ನು ಕೇಳಿದರು. ಅವಳು ಮೆಣಸಿನಕಾಯಿ, ಟೊಮೇಟೊ, ಆಲೂಗೆಡ್ಡೆ ಏನೂ ಇಲ್ಲದೆ ಕರಿಮೆಣಸು ಹುಣಸೆಹಣ್ಣಿನಲ್ಲಿ ಸಾರು ಮಾಡಿ ಬಡಿಸಿದಳು. ಗೌರವದಿಂದ ಎರಡು ಸೌಟು ಉಂಡರು. "ಚೆನ್ನಾಗಿದೆ ತಾಯಿ. ಆದ್ರೆ ನಮ್ ಹಿಂದಿನೋರು ಪಾಪ" ಅಂದು, ಉಪ್ಪಿನಕಾಯಿ ಕೇಳಿದರು.

ನರ್ಸರಿಯ ಬೋರ್ಡನ್ನೂ ಬದಲಾಯಿಸಿದರು. ಆರು ತಿಂಗಳು ಯೋಚನೆ ಮಾಡಿ, ಪೇಂಟರನ್ನು ಮೂರು ಸಲ ವಾಪಸು ಕಳಿಸಿ, ಕೊನೆಗೆ ಬರೆಸಿದ್ದು ಹೀಗೆ: "ಮಾವಿನ ಕಸಿ. ಅಲ್ಲಿ ಕಟ್ಟಿದವರು ಗೋವೆಯ ಪಾದ್ರಿಗಳು. ಇಲ್ಲಿ ಕಟ್ಟಿದವರು ನಮ್ಮ ತಾತ." ಕೆಳಗೆ ತಾತನ ಹೆಸರು. ಪಾದ್ರಿಗಳ ಕೆಳಗೆ ಹೆಸರಿಗೆಂದು ಒಂದು ಸಾಲು ಖಾಲಿ ಬಿಡಿಸಿದ್ದರು. "ನಿಮಗೆ ಸಿಕ್ಕಿದ ದಿನ ಬರೆಸೋಣ" ಅಂದರು. ನಾನು ನಿವೃತ್ತನಾದ ಮೇಲೂ ಹುಡುಕುತ್ತಲೇ ಇದ್ದೇನೆ. ಇನ್ನೂ ಸಿಕ್ಕಿಲ್ಲ.

ಹೀಗೆ ಹತ್ತು ವರ್ಷ ನಡೆಯಿತು. ಹತ್ತೂ ವರ್ಷ ಅಮ್ಮನವರು ಆ ಎಲೆಗೆ ಒಂದು ಸೌಟು ಬಡಿಸಲಿಲ್ಲ. "ನಿಮ್ ಗೋವಾ ನೆಂಟ, ನೀವೇ ನೋಡ್ಕೊಳ್ಳಿ" ಎನ್ನುತ್ತಿದ್ದರು.

ಈ ವರ್ಷ ಮಾವಿನ ಕಾಲ ಮುಗಿಯುತ್ತಿದ್ದಾಗ ಒಂದು ಬೆಳಿಗ್ಗೆ ಅವರ ಫೋನು ಬಂತು. "ಮೇಷ್ಟ್ರೇ, ಆ ಪಾದ್ರಿ ವಿಷಯ ಒಂದು" ಅಂದರು, ಅಷ್ಟಕ್ಕೇ ನಿಂತಿತು. ಕೈಯಲ್ಲಿ ಗಿಡವಿರಬೇಕು, ಗಂಟು ಹಾಕಿದ ಮೇಲೆ ಹೇಳುತ್ತಾರೆ ಎಂದು ಕಾದೆ. ಎರಡು ನಿಮಿಷವಾಯಿತು, ಬಸ್ಸಿನ ಹೊತ್ತಾಯಿತೆಂದು ಇಟ್ಟುಬಿಟ್ಟೆ. ಮತ್ತೆ ಮಾಡಿದರಾಯಿತು ಅಂದುಕೊಂಡೆ, ಮಾಡಲಿಲ್ಲ. ವಾರದೊಳಗೆ ಸುದ್ದಿ ಬಂತು. ಅವರು ಹೇಳಬೇಕೆಂದಿದ್ದುದು ಏನೆಂದು ನನಗೆ ತಿಳಿಯಲಿಲ್ಲ, ಇನ್ನು ತಿಳಿಯುವಂತಿಲ್ಲ.

ಇನ್ನು ಆ ಎಲೆಯ ಕಥೆ ಮುಗಿಯಿತು ಅಂದುಕೊಂಡಿದ್ದೆ. ಹಾಕುತ್ತಿದ್ದವರೇ ಇಲ್ಲ. ಆದರೆ ಪಕ್ಷ ಬರುವ ವಾರ ಅಮ್ಮನವರೇ ಫೋನು ಮಾಡಿದರು. "ಮೇಷ್ಟ್ರೇ, ಬನ್ನಿ. ಬರೋವಾಗ ಬನ್ನು ತನ್ನಿ. ಎರಡು."

ನಾನು ಹೋದಾಗ ಮಧ್ಯಾಹ್ನ. ಮೂರು ಎಲೆ ಹಾಕಿದ್ದರು. ಒಂದು ಕಡೆ ತಾತನದು, ಇನ್ನೊಂದು ಕಡೆ ಪಾದ್ರಿಯದು, ನಡುವೆ ಯಜಮಾನರದು. ಅವರ ಎಲೆಯ ಪಕ್ಕದಲ್ಲಿ ಹೊಸ ಪಂಚೆ, ಬನಿಯನ್ ಚೂರಿನಲ್ಲಿ ಸುತ್ತಿದ ಕತ್ತಿ. ಎಡೆ ಮುಗಿದ ಮೇಲೆ ಅದು ಮಗಳ ಕೈಗೆ, ನರ್ಸರಿ ಈಗ ಅವಳದು. ಶಾಲು ಎಂದಿನಂತೆ ಪಾದ್ರಿಯ ಎಲೆಯ ಹತ್ತಿರವೇ ಇತ್ತು. ಅಮ್ಮನವರು ನನ್ನ ಕೈಯಿಂದ ಬನ್ನು ತೆಗೆದುಕೊಂಡು ಒಂದನ್ನು ಪಾದ್ರಿಗೆ, ಒಂದನ್ನು ಗಂಡನಿಗೆ ಬಡಿಸಿದರು. ಮೆಣಸಿನಕಾಯಿ ಬಜ್ಜಿ, ಗೊಜ್ಜು, ಗೋಡಂಬಿ ಎಲ್ಲ ಅವರೇ ಬಡಿಸಿದರು. ಪಾದ್ರಿಯ ಎಲೆಯ ಮುಂದೆ ಒಂದು ಗಳಿಗೆ ನಿಂತು, ಒಂದು ಚಿಕ್ಕ ಮುದ್ದೆಯನ್ನೂ ಇಟ್ಟರು. "ಇಷ್ಟ್ ವರ್ಷ ಆಯ್ತು, ಅಭ್ಯಾಸ ಆಗ್ಲಿ" ಅಂದರು.

ಸಾಂಬ್ರಾಣಿ ಹಾಕಿ ಬಾಗಿಲು ಮುಚ್ಚಿದರು. ನಾವು ಜಗಲಿಯಲ್ಲಿ ಕೂತೆವು. ಕಾಯಬೇಕಾದಷ್ಟು ಹೊತ್ತು ಕಾದೆವು. ಮಗಳು ಎದ್ದು, "ಅಮ್ಮ, ಆಯ್ತು, ತೆಗೀಲಾ?" ಎಂದು ಬಾಗಿಲಿಗೆ ಕೈಯಿಟ್ಟಳು.

"ತಡಿಯೇ" ಅಂದರು ಅಮ್ಮನವರು. "ಇವರದ್ದು ಅವರಿಗೆ, ಅವರದ್ದು ಇವರಿಗೆ ಹೇಳ್ಬೇಕು. ನಿಮ್ಮಪ್ಪ ಒಂದ್ ಮಾತು ಮುಗ್ಸಕ್ಕೆ ಎಷ್ಟ್ ಹೊತ್ತು ಮಾಡ್ತಾರೆ ಅಂತ ಗೊತ್ತಿಲ್ವಾ?"

ಮಗಳು ಬಂದು ಅಮ್ಮನ ಪಕ್ಕದಲ್ಲಿ ಕೂತಳು. ನಾವು ಇನ್ನೂ ಸ್ವಲ್ಪ ಹೊತ್ತು ಕಾದೆವು.